ಹಸಿದವರ ಗಡ್ಡೆ, ಉಳ್ಳವರ ಚೀಸು: ಆಲೂಗಡ್ಡೆಗಾಗಿ ಬದುಕು ಸವೆಸಿದ ಪರ್ಮಾಂತಿಯೇ

ಟೆರೇಸ್ ಮೇಲೆ ಗ್ರಿಲ್ ಹಚ್ಚಿ ಗೆಳೆಯರ ಜೊತೆ ಊಟ ಮಾಡಿದವರಿಗೆ ಇದು ಗೊತ್ತಿರುತ್ತೆ. ಕಂಬಿಗಳ ಮೇಲೆ ಕೋಳಿಯೋ ಪನೀರೋ ಬೇಯುತ್ತಿದ್ದರೆ, ಕೆಂಡದ ಒಂದು ಪಕ್ಕಕ್ಕೆ ಫಾಯಿಲ್ ಪೊಟ್ಟಣವೊಂದು ಸುಮ್ಮನೆ ಕೂತಿರುತ್ತೆ. ಒಳಗೆ ತೆಳ್ಳಗೆ ಬಿಲ್ಲೆ ಹೆಚ್ಚಿದ ಆಲೂಗಡ್ಡೆ, ಬೆಣ್ಣೆ, ಉಪ್ಪು, ಕಾಳುಮೆಣಸಿನ ಪುಡಿ, ಒಂದೆರಡು ಎಸಳು ಬೆಳ್ಳುಳ್ಳಿ. ಅರ್ಧ ಗಂಟೆ ದಾಟಿದ ಮೇಲೆ ಚಾಕು ಚುಚ್ಚಿ ನೋಡಬೇಕು. ಸಲೀಸಾಗಿ ಇಳಿದರೆ ಪೊಟ್ಟಣ ಬಿಚ್ಚಿ, ಚೀಸ್ ತುರಿದು ಹಾಕಿ, ಮತ್ತೆ ಮುಚ್ಚಿ ಐದು ನಿಮಿಷ ಬಿಟ್ಟರಾಯಿತು. ಚೀಸ್ ಮೊದಲೇ ಹಾಕಿದರೆ ತಳ ಹಿಡಿಯುತ್ತೆ.

ಇದನ್ನು ನಾವು ಸೈಡ್ ಡಿಶ್ ಅಂತೀವಿ. ಆದರೆ ಎರಡೂವರೆ ಶತಮಾನದ ಹಿಂದೆ ಫ್ರಾನ್ಸಿನಲ್ಲಿ ಆಲೂಗಡ್ಡೆ ಸೈಡ್ ಡಿಶ್ ಆಗಿರಲಿಲ್ಲ, ದೊಡ್ಡ ರಾಜಕೀಯ ಪ್ರಶ್ನೆಯಾಗಿತ್ತು. ಜನರ ಹಸಿವನ್ನು ಆಳುವವರು ಹೇಗೆ ನೋಡಬೇಕು ಎಂಬ ಪ್ರಶ್ನೆ ಅದು. ಅದರ ನಡುವೆ ನಿಂತಿದ್ದವನು ಒಬ್ಬ ಔಷಧ ತಯಾರಕ, ಆಂತ್ವಾನ್-ಒಗುಸ್ತಾಂ ಪರ್ಮಾಂತಿಯೇ.

ಸೆರೆಮನೆಯ ಊಟ

ಪರ್ಮಾಂತಿಯೇ ಹುಟ್ಟಿದ್ದು 1737ರ ಆಗಸ್ಟ್ 12ರಂದು, ಉತ್ತರ ಫ್ರಾನ್ಸಿನ ಮೋಂದಿದಿಯೇ ಎಂಬ ಸಣ್ಣ ಊರಿನಲ್ಲಿ. ಚಿಕ್ಕಂದಿನಲ್ಲೇ ಅಪ್ಪ ತೀರಿಕೊಂಡ. ಕಾಲೇಜು ಓದುವಷ್ಟು ಅನುಕೂಲ ಮನೆಯಲ್ಲಿರಲಿಲ್ಲ. ಊರಿನ ಔಷಧದಂಗಡಿಯಲ್ಲಿ ಕೆಲಸ ಕಲಿತು ಪ್ಯಾರಿಸ್‌ಗೆ ಹೋದ ಹುಡುಗ, ಇಪ್ಪತ್ತರ ಹೊತ್ತಿಗೆ ಸೈನ್ಯದ ಔಷಧ ವಿಭಾಗ ಸೇರಿದ್ದ. ಆಗ ಯುರೋಪಿನಲ್ಲಿ ಏಳು ವರ್ಷಗಳ ಯುದ್ಧ ನಡೆಯುತ್ತಿತ್ತು.

ಆ ಯುದ್ಧದಲ್ಲಿ ಆತ ಪ್ರಷ್ಯನ್ನರ ಕೈಗೆ ಒಂದಲ್ಲ, ಹಲವು ಸಲ ಸೆರೆಸಿಕ್ಕ. ಸೆರೆಯಲ್ಲಿ ಸಿಗುತ್ತಿದ್ದದ್ದು ಆಲೂಗಡ್ಡೆ. ಫ್ರಾನ್ಸಿನ ಬಹಳಷ್ಟು ಕಡೆ ಆಗ ಅದು ಹಂದಿಗೆ ಹಾಕುವ ಗಡ್ಡೆ. ತಿಂದರೆ ಕುಷ್ಠ ಬರುತ್ತೆ ಎಂಬ ಹೆದರಿಕೆಯೂ ಇತ್ತು. ದಿನಾ ತಿಂದರೂ ಪರ್ಮಾಂತಿಯೇಗೆ ಏನೂ ಆಗಲಿಲ್ಲ, ಗಟ್ಟಿಯಾಗೇ ಇದ್ದ. ಈ ಅನುಭವ ಆತನ ತಲೆಯಲ್ಲಿ ಉಳಿದುಬಿಟ್ಟಿತು.

ಯುದ್ಧ ಮುಗಿದ ಮೇಲೆ 1766ರಲ್ಲಿ, ಗಾಯಗೊಂಡ ಮತ್ತು ವಯಸ್ಸಾದ ಸೈನಿಕರಿಗಾಗಿ ಪ್ಯಾರಿಸ್‌ನಲ್ಲಿದ್ದ ಆಂವಾಲೀದ್‌ನ ಆಸ್ಪತ್ರೆಯಲ್ಲಿ ಔಷಧ ತಯಾರಕನಾಗಿ ಸೇರಿದ. ಅಲ್ಲಿನ ಔಷಧಾಲಯ ಮೊದಲಿಂದಲೂ ಕ್ರೈಸ್ತ ಸನ್ಯಾಸಿನಿಯರ ಕೈಯಲ್ಲಿತ್ತು. ಈತನನ್ನು ಮುಖ್ಯಸ್ಥನನ್ನಾಗಿ ಮಾಡಿದಾಗ ಅವರು ಒಪ್ಪಲಿಲ್ಲ, ದೂರು ರಾಜನವರೆಗೂ ಹೋಯಿತು. ಕೊನೆಗೆ 1774ರಲ್ಲಿ ಸಿಕ್ಕ ತೀರ್ಪು ವಿಚಿತ್ರವಾಗಿತ್ತು: ಮನೆ ಇರಲಿ, ಹಣವೂ ಬರಲಿ, ಕೆಲಸ ಮಾತ್ರ ಬೇಡ. ಬೇರೆಯವರಾಗಿದ್ದರೆ ಕಾಲು ಚಾಚಿ ಮಲಗಿಬಿಡುತ್ತಿದ್ದರೇನೋ. ಪರ್ಮಾಂತಿಯೇ ಆ ಬಿಡುವನ್ನೆಲ್ಲ ಸಂಶೋಧನೆಗೆ ಸುರಿದ.

ಬರ, ಬ್ರೆಡ್ ಮತ್ತು ಗಲ್ಲು

ಅಷ್ಟರಲ್ಲಿ ಆತನ ಹೆಸರು ಹೊರಗೆ ಗೊತ್ತಾಗಿತ್ತು. 1770ರ ಸುತ್ತಮುತ್ತ ಬೆಳೆ ಕೈಕೊಟ್ಟಾಗ ಬೆಸಾಂಸೋಂ ನಗರದ ವಿದ್ವತ್ ಅಕಾಡೆಮಿ ಒಂದು ಪ್ರಬಂಧ ಸ್ಪರ್ಧೆ ಇಟ್ಟಿತ್ತು. ಬರಗಾಲದಲ್ಲಿ ಧಾನ್ಯದ ಬದಲು ಏನು ತಿನ್ನಬಹುದು ಅನ್ನೋದು ವಿಷಯ. ಬಹುಮಾನ ಬಂದದ್ದು ಪರ್ಮಾಂತಿಯೇಗೆ. ಇಲ್ಲೊಂದು ಮಾತನ್ನು ನೆನಪಿಟ್ಟುಕೊಳ್ಳಿ: ಆ ಸ್ಪರ್ಧೆಗೆ ಬರೆದ ಬೇರೆಯವರೂ ಆಲೂಗಡ್ಡೆಯ ಹೆಸರು ಹೇಳಿದ್ದರು. ಅಂದರೆ ಅದು ಆತನೊಬ್ಬನ ತಲೆಗೆ ಹೊಳೆದ ವಿಚಾರ ಅಲ್ಲ.

ಅದೇ ದಶಕದಲ್ಲಿ ಮಂತ್ರಿ ತ್ಯುರ್ಗೋ ಧಾನ್ಯ ವ್ಯಾಪಾರದ ಮೇಲಿದ್ದ ನಿಯಂತ್ರಣಗಳನ್ನು ಸಡಿಲಿಸಿದ. ಮಾರುಕಟ್ಟೆ ತಾನೇ ಎಲ್ಲವನ್ನೂ ಸರಿಮಾಡುತ್ತೆ ಎಂಬ ನಂಬಿಕೆ ಆತನದು. ಬೆಳೆ ಕಡಿಮೆಯಾಗಿದ್ದ ಹೊತ್ತಿನಲ್ಲಿ ಬ್ರೆಡ್ಡಿನ ಬೆಲೆ ಜಿಗಿಯಿತು. 1775ರ ಏಪ್ರಿಲ್, ಮೇ ತಿಂಗಳಲ್ಲಿ ಪ್ಯಾರಿಸ್ ಸುತ್ತಲಿನ ಪೇಟೆಗಳಲ್ಲಿ ಜನ ದಂಗೆ ಎದ್ದರು. ಇತಿಹಾಸದಲ್ಲಿ ಇದಕ್ಕೆ ಹಿಟ್ಟಿನ ಸಮರ ಅಂತಲೇ ಹೆಸರು. ಹಲವು ಕಡೆ ಜನ ಸುಮ್ಮನೆ ಲೂಟಿ ಹೊಡೆಯಲಿಲ್ಲ, ನ್ಯಾಯವಾದ ಬೆಲೆ ಇಷ್ಟು ಅಂತ ತಾವೇ ಗೊತ್ತುಮಾಡಿ, ಆ ದುಡ್ಡು ಕೊಟ್ಟು ಹಿಟ್ಟು ಒಯ್ದರು. ಸರ್ಕಾರ ಸೈನ್ಯ ಕಳಿಸಿತು. ಪ್ಯಾರಿಸ್‌ನಲ್ಲಿ ಇಬ್ಬರನ್ನು ಬಹಿರಂಗವಾಗಿ ಗಲ್ಲಿಗೆ ಹಾಕಿದರು. ಒಬ್ಬ ವಿಗ್ ತಯಾರಿಸುವವನು, ಇನ್ನೊಬ್ಬ ಬಟ್ಟೆ ನೇಯುವವನು.

ಪರ್ಮಾಂತಿಯೇಯ ಕೆಲಸವನ್ನು ಈ ಹಿನ್ನೆಲೆಯಲ್ಲಿ ನೋಡಬೇಕು. ಬ್ರೆಡ್ ಯಾಕೆ ದುಬಾರಿ ಅನ್ನುವುದು ಜನರ ಪ್ರಶ್ನೆ. ಬ್ರೆಡ್ ಬದಲು ಏನು ತಿನ್ನಿಸಬಹುದು ಅನ್ನುವುದು ಆತನ ಪ್ರಶ್ನೆ. ಎರಡೂ ಬೇರೆ ಬೇರೆ. ಆತನಿಗೆ ಜನರ ಮೇಲೆ ಕರುಣೆ ಇತ್ತು, ಅದರಲ್ಲಿ ಅನುಮಾನ ಇಲ್ಲ. ಆದರೆ ಭೂಮಿ ಯಾರದು, ತೆರಿಗೆ ಯಾರು ಕಟ್ಟುತ್ತಾರೆ, ಧಾನ್ಯ ಯಾರ ಗೋದಾಮಿನಲ್ಲಿದೆ ಅನ್ನುವ ಗೋಜಿಗೆ ಹೋಗದೆ, ಹಸಿವನ್ನು ರಸಾಯನಶಾಸ್ತ್ರದ ಲೆಕ್ಕವಾಗಿ ಬಿಡಿಸಲು ಹೊರಟಿದ್ದ.

ಆ ಲೆಕ್ಕವೂ ಸುಲಭ ಇರಲಿಲ್ಲ. ಗೋಧಿಯಲ್ಲಿ ಗ್ಲುಟನ್ ಇರುತ್ತೆ, ಹಿಟ್ಟು ಅಂಟಿಕೊಂಡು ಉಬ್ಬುತ್ತೆ. ಆಲೂಗಡ್ಡೆಯಲ್ಲಿ ಪಿಷ್ಟ ಇದೆ, ಗ್ಲುಟನ್ ಇಲ್ಲ. ಆದರೂ ಗೋಧಿ ಹಿಟ್ಟು ಬೆರೆಸದೆ ಬರೀ ಆಲೂಗಡ್ಡೆಯಿಂದ ಬ್ರೆಡ್ ಮಾಡುವುದು ಹೇಗೆ ಅಂತ 1779ರಲ್ಲಿ ಪುಸ್ತಕವನ್ನೇ ಬರೆದ. ಮರುವರ್ಷ ಕಾದೆ ದ ವೋ ಎಂಬ ಗೆಳೆಯನ ಜೊತೆ ಪ್ಯಾರಿಸ್‌ನಲ್ಲಿ ಬೇಕರಿ ಶಾಲೆ ತೆರೆದ. ಆಲೂಗಡ್ಡೆ ಬ್ರೆಡ್ ಮಾತ್ರ ಜನರ ಮನೆಗೆ ಹೋಗಲಿಲ್ಲ. ಮಾಡುವುದು ಕಷ್ಟ, ತಿನ್ನುವುದೂ ಕಷ್ಟ. ಆಲೂಗಡ್ಡೆ ಗೆದ್ದದ್ದು ಬ್ರೆಡ್ಡಿನ ವೇಷ ಕಳಚಿ ಆಲೂಗಡ್ಡೆಯಾಗಿಯೇ ಬೆಂದಾಗ.

ಕಾವಲುಗಾರರ ಕಥೆ

ಪರ್ಮಾಂತಿಯೇ ಹೆಸರು ಕೇಳಿದವರಿಗೆಲ್ಲ ಗೊತ್ತಿರುವ ಕಥೆ ಒಂದಿದೆ. 1786ರ ಸುಮಾರಿಗೆ ಹದಿನಾರನೆಯ ಲೂಯಿ ಪ್ಯಾರಿಸ್ ಪಕ್ಕದ ಸಾಬ್ಲೋಂ ಬಯಲಿನಲ್ಲಿ ಹತ್ತಾರು ಎಕರೆ ಮರಳು ಭೂಮಿಯನ್ನು ಆತನಿಗೆ ಕೊಟ್ಟ. ಪರ್ಮಾಂತಿಯೇ ಅಲ್ಲಿ ಆಲೂಗಡ್ಡೆ ಬೆಳೆದು, ಹಗಲು ಸೈನಿಕರನ್ನು ಕಾವಲಿಗೆ ನಿಲ್ಲಿಸಿ, ರಾತ್ರಿ ಬೇಕಂತಲೇ ವಾಪಸ್ ಕಳಿಸುತ್ತಿದ್ದನಂತೆ. ಇಷ್ಟು ಕಾವಲು ಇದೆ ಅಂದರೆ ಬೆಲೆಬಾಳುವ ಬೆಳೆಯೇ ಇರಬೇಕು ಅಂತ ಜನ ರಾತ್ರಿ ಕದ್ದೊಯ್ದು ತಮ್ಮ ಹೊಲದಲ್ಲಿ ನೆಟ್ಟರಂತೆ. ರಾಜ ಆಲೂಗಡ್ಡೆ ಹೂವನ್ನು ಕೋಟಿಗೆ ಸಿಕ್ಕಿಸಿಕೊಂಡ, ರಾಣಿ ಮುಡಿದುಕೊಂಡಳು ಎಂಬ ಮಾತೂ ಇದರ ಜೊತೆಗಿದೆ.

ಮ್ಯಾನೇಜ್‌ಮೆಂಟ್ ಕ್ಲಾಸುಗಳಲ್ಲಿ ಇವತ್ತಿಗೂ ಇದನ್ನು ಮಾರ್ಕೆಟಿಂಗ್ ಜಾಣತನ ಅಂತ ಹೇಳಿಕೊಡ್ತಾರೆ. ಹೊಲ ಇದ್ದದ್ದು ನಿಜ. ಉಳಿದದ್ದರಲ್ಲಿ ದಂತಕಥೆಯ ಪಾಲು ದೊಡ್ಡದು. ಈ ಕಥೆ ಇಷ್ಟು ಜನಪ್ರಿಯ ಆಗಲು ಕಾರಣ ಇದೆ. ಇದರಲ್ಲಿ ರೈತ ದಡ್ಡ, ಕಳ್ಳ. ಮೇಲಿನವರು ಜಾಣರು, ದಯಾಳುಗಳು. ಓದಿದವರಿಗೆ ಕೇಳಲು ಹಿತವಾಗಿರುತ್ತೆ.

ವಾಸ್ತವ ಬೇರೆ. ಆಲೂಗಡ್ಡೆಯನ್ನು ಸಾವಿರಾರು ವರ್ಷ ಸಾಕಿ ಬೆಳೆಸಿದ್ದು ದಕ್ಷಿಣ ಅಮೆರಿಕದ ಆಂಡಿಸ್ ಬೆಟ್ಟಗಳ ಜನ. ಫ್ರಾನ್ಸಿನೊಳಗೇ ಲೊರೇನ್, ಅಲ್ಸಾಸ್, ದೋಫಿನೆಯಂಥ ಗಡಿ ಮತ್ತು ಗುಡ್ಡಗಾಡು ಪ್ರದೇಶಗಳ ರೈತರು ಪರ್ಮಾಂತಿಯೇಗೆ ಮೊದಲೇ ಅದನ್ನು ಬೆಳೆದು ತಿನ್ನುತ್ತಿದ್ದರು. ಇದಕ್ಕೆ ಸಾಕ್ಷಿ ನಮ್ಮ ಫಾಯಿಲ್ ಪೊಟ್ಟಣದ ಅಜ್ಜಿಯೇ. ಬಿಲ್ಲೆ ಹೆಚ್ಚಿದ ಆಲೂಗಡ್ಡೆಯನ್ನು ಹಾಲು, ಕ್ರೀಮ್, ಬೆಳ್ಳುಳ್ಳಿ ಜೊತೆ ನಿಧಾನಕ್ಕೆ ಬೇಯಿಸುವ ಗ್ರಾಟಿನ್ ದೋಫಿನ್ವಾ ಎಂಬ ಅಡುಗೆಯ ಹೆಸರು ಮೊದಲು ಕಾಣಿಸುವುದು 1788ರ ಜುಲೈನಲ್ಲಿ, ಗಾಪ್ ಎಂಬ ಊರಿನ ಅಧಿಕಾರಿಗಳಿಗೆ ಕ್ಲೆರ್ಮೋಂ-ತೊನ್ನೇರ್‌ನ ಡ್ಯೂಕ್ ಕೊಟ್ಟ ಔತಣದಲ್ಲಿ. ಅದಕ್ಕೆ ಚೀಸ್ ಸೇರಿಸಿದರೆ ಪಕ್ಕದ ಸವೋಯಿ ಸೀಮೆಯ ಗ್ರಾಟಿನ್. ಪ್ಯಾರಿಸ್‌ನವರಿಗೆ ಆಲೂಗಡ್ಡೆ ತಿನ್ನಿ ಅಂತ ಪಾಠ ನಡೆಯುತ್ತಿದ್ದ ಹೊತ್ತಿಗೇ ಗುಡ್ಡಗಾಡಿನವರು ಅದನ್ನು ರುಚಿಯಾಗಿ ತಿನ್ನುವುದನ್ನು ಕಲಿತಾಗಿತ್ತು.

ಹಾಗಾದರೆ ಪರ್ಮಾಂತಿಯೇ ಮಾಡಿದ್ದು ಏನೂ ಇಲ್ಲವೇ? ಇದೆ. ರೈತರಿಗೆ ಗೊತ್ತಿದ್ದನ್ನು ವಿಜ್ಞಾನದ ಭಾಷೆಗೆ ತಂದ, ವೈದ್ಯರ ಮತ್ತು ಅಧಿಕಾರಿಗಳ ಅಂಜಿಕೆ ಬಿಡಿಸಿದ, ನಲವತ್ತು ವರ್ಷ ಬೇಸರಿಸದೆ ಬರೆದ. ಅದು ಸಣ್ಣ ಕೆಲಸವಲ್ಲ. ಆದರೆ ಅದು ಕಂಡುಹಿಡಿಯುವ ಕೆಲಸವೂ ಅಲ್ಲ.

ಕ್ರಾಂತಿ ಬಂದಾಗ

1789ರ ಅಕ್ಟೋಬರ್ 5ರಂದು ಪ್ಯಾರಿಸ್‌ನ ಹೆಂಗಸರು ವರ್ಸೈ ಅರಮನೆಗೆ ಮೆರವಣಿಗೆ ಹೊರಟದ್ದು ಬ್ರೆಡ್ಡಿಗಾಗಿ, ಆಲೂಗಡ್ಡೆಗಾಗಿ ಅಲ್ಲ. ಜನರಿಗೆ ಬೇಕಿದ್ದದ್ದು ಬದಲಿ ಅಲ್ಲ, ಹಕ್ಕು. ರಾಜನ ಕೃಪೆ ಪಡೆದಿದ್ದ ಪರ್ಮಾಂತಿಯೇಗೆ ಆ ದಿನಗಳು ಸುಲಭದವಾಗಿರಲಿಲ್ಲ. ಚುನಾವಣೆಯೊಂದರಲ್ಲಿ ಆತನ ಹೆಸರು ಬಂದಾಗ, ಬೇಡಪ್ಪ, ಇವನು ನಮಗೆ ಬರೀ ಆಲೂಗಡ್ಡೆ ತಿನ್ನಿಸ್ತಾನೆ ಅಂತ ಮತದಾರನೊಬ್ಬ ಕೂಗಿದನಂತೆ. ತಮಾಷೆಯ ಕಥೆ, ಆದರೆ ಜನಸಾಮಾನ್ಯರ ಸಿಟ್ಟು ಅದರಲ್ಲಿ ಸರಿಯಾಗಿ ದಾಖಲಾಗಿದೆ.

ಹೊಸ ಗಣರಾಜ್ಯಕ್ಕೂ ಹಸಿವು ತಪ್ಪಲಿಲ್ಲ. ರಾಜನ ತ್ವಿಲ್ರೀ ಉದ್ಯಾನದಲ್ಲೇ ಆಲೂಗಡ್ಡೆ ನೆಟ್ಟರು. ಮೇರಿಗೋ ಎಂಬ ಹೆಣ್ಣುಮಗಳು ಆಲೂಗಡ್ಡೆ ಅಡುಗೆಗಳದ್ದೇ ಒಂದು ಸಣ್ಣ ಪುಸ್ತಕವನ್ನು ಗಣರಾಜ್ಯದ ಅಡುಗೆಯವಳು ಎಂಬ ಅರ್ಥದ ಹೆಸರಿನಲ್ಲಿ ತಂದಳು. ಪರ್ಮಾಂತಿಯೇ 1796ರಿಂದ ಸೈನ್ಯದ ಆರೋಗ್ಯ ಸೇವೆಯ ಇನ್‌ಸ್ಪೆಕ್ಟರ್ ಆಗಿ ಕೆಲಸ ಮಾಡಿದ. ಸಿಡುಬಿನ ಲಸಿಕೆಯ ಪರ ನಿಂತ, ಹಾಲಿನ ಗುಣಗಳ ಬಗ್ಗೆ ಪ್ರಯೋಗ ಮಾಡಿದ, ಕಬ್ಬಿನ ಸಕ್ಕರೆ ಬರುವುದು ನಿಂತಾಗ ದ್ರಾಕ್ಷಿಯಿಂದ ಸಿಹಿ ತೆಗೆಯುವ ದಾರಿ ಹುಡುಕಿದ. ತೀರಿಕೊಂಡದ್ದು 1813ರ ಡಿಸೆಂಬರ್ 17ರಂದು.

ಬದಲಿ ಊಟದ ಮಿತಿ

ಆತ ಸತ್ತು ಮೂರು ದಶಕ ಕಳೆದ ಮೇಲೆ, 1845ರಲ್ಲಿ, ಐರ್ಲೆಂಡಿನ ಆಲೂಗಡ್ಡೆಗೆ ಅಂಗಮಾರಿ ರೋಗ ತಗುಲಿತು. ಅಲ್ಲಿನ ಬಡವರು ಒಂದೇ ಬೆಳೆಯ ಮೇಲೆ, ಅದರಲ್ಲೂ ಹೆಚ್ಚಾಗಿ ಒಂದೇ ತಳಿಯ ಮೇಲೆ ಬದುಕಿದ್ದರು. ಒಳ್ಳೆಯ ಭೂಮಿ, ಧಾನ್ಯ, ದನ ಎಲ್ಲ ಜಮೀನ್ದಾರರ ಪಾಲು. ಸುಮಾರು 10 ಲಕ್ಷ ಜನ ಸತ್ತರು. ಆಗಲೂ ಬಂದರುಗಳಿಂದ ಆಹಾರ ಹೊರದೇಶಕ್ಕೆ ಹೋಗುತ್ತಲೇ ಇತ್ತು. ಬಡವರಿಗೆ ಅಗ್ಗದ ಬದಲಿ ಊಟ ಕೊಟ್ಟು ಉಳಿದದ್ದನ್ನೆಲ್ಲ ಹಾಗೇ ಬಿಟ್ಟರೆ ಏನಾಗುತ್ತೆ ಅನ್ನುವುದಕ್ಕೆ ಇದಕ್ಕಿಂತ ದೊಡ್ಡ ಪಾಠ ಬೇಕಿಲ್ಲ. ಅದೇ ಅಂಗಮಾರಿ ನಮ್ಮ ಹಾಸನದ ಆಲೂಗಡ್ಡೆ ಬೆಳೆಗಾರರನ್ನೂ ಸಾಲದಲ್ಲಿ ಮುಳುಗಿಸಿದೆ. ಪಂಜಾಬಿನಿಂದ ಬರುವ ಬಿತ್ತನೆ ಗಡ್ಡೆಯನ್ನು ನಂಬಿ ಕೂತ ಅವರಿಗೆ ಇದು ಪುಸ್ತಕದ ಇತಿಹಾಸವಲ್ಲ.

ಪ್ಯಾರಿಸ್‌ನ ಪೇರ್ ಲಾಶೇಸ್ ಸ್ಮಶಾನದಲ್ಲಿ ಪರ್ಮಾಂತಿಯೇಯ ಸಮಾಧಿ ಇದೆ. ನೋಡಲು ಬಂದವರು ಹೂವಿನ ಬದಲು ಆಲೂಗಡ್ಡೆ ಇಟ್ಟು ಹೋಗ್ತಾರೆ. ಊರಿನ ಮೆಟ್ರೋ ನಿಲ್ದಾಣವೊಂದಕ್ಕೂ ಆತನ ಹೆಸರಿದೆ. ಇರಲಿ, ಆತ ಅದಕ್ಕೆ ಅರ್ಹ. ಆದರೆ ನ್ಯಾಯವಾದ ಬೆಲೆಗೆ ಹಿಟ್ಟು ಕೇಳಿ ಗಲ್ಲಿಗೇರಿದ ಆ ಇಬ್ಬರ ಹೆಸರಿನಲ್ಲಿ ಯಾವ ತಿನಿಸೂ ಇಲ್ಲ. ಹಸಿವಿನ ಚರಿತ್ರೆ ಓದುವಾಗ, ಊಟ ಕೊಟ್ಟವರ ಜೊತೆಗೆ ಊಟ ಕೇಳಿದವರನ್ನೂ ನೆನೆಯುವುದು ನಮ್ಮ ಜವಾಬ್ದಾರಿ.