ಪದವಿಯನ್ನೊಲ್ಲದ ಶಾಸನಸಭಾಸದಸ್ಯರು

ವಕೀಲರು ಶಾಸನಸಭೆಯನ್ನು ಸೇರುವುದು ನಮ್ಮ ದೇಶದಲ್ಲಿ ಹೊಸತಲ್ಲ. ಸೇರಿದ ಮೇಲೆ ಕೈಗೆ ಬಂದ ಅಧಿಕಾರವನ್ನು ಬೇಡವೆಂದವರು ವಿರಳ. ಅಂಥವರಲ್ಲಿ ದೇಶಬಂಧು ಚಿತ್ತರಂಜನ ದಾಸರನ್ನು ನಾವು ಅಗ್ರಗಣ್ಯರೆಂದು ಎಣಿಸುತ್ತೇವೆ.

1870ರಲ್ಲಿ ಜನಿಸಿದ ದಾಸರು ಬ್ಯಾರಿಸ್ಟರಾಗಿ, ಆಲಿಪುರದ ಮೊಕದ್ದಮೆಯಲ್ಲಿ ಅರವಿಂದ ಘೋಷರ ಪರವಾಗಿ ವಾದಿಸಿ 1909ರಲ್ಲಿ ಅವರ ಬಿಡುಗಡೆಗೆ ಕಾರಣರಾದರು. ಅಸಹಕಾರದ ಕರೆ ಬಂದೊಡನೆ ಅಪಾರ ವರಮಾನದ ಆ ವೃತ್ತಿಯನ್ನು ತ್ಯಜಿಸಿ, 1921ರಲ್ಲಿ ಸೆರೆಮನೆಯನ್ನು ಸೇರಿದರು.

ಶಾಸನಸಭೆಗಳನ್ನು ಬಹಿಷ್ಕರಿಸುವುದಕ್ಕಿಂತ ಒಳಹೊಕ್ಕು ಎದುರಿಸುವುದೇ ಲೇಸೆಂಬುದು ಅವರ ಮತ. 1922ರ ಗಯಾ ಕಾಂಗ್ರೆಸ್ಸು ಅದನ್ನು ತಿರಸ್ಕರಿಸಲು, ಅದರ ಅಧ್ಯಕ್ಷರಾಗಿದ್ದ ದಾಸರೇ ಮೋತಿಲಾಲ ನೆಹರೂರವರೊಡನೆ ಸ್ವರಾಜ್ಯ ಪಕ್ಷವನ್ನು ಕಟ್ಟಿದರು. 1923ರ ಚುನಾವಣೆಯಲ್ಲಿ ಅದು ಬಂಗಾಲದ ಸಭೆಯ ಅತಿ ದೊಡ್ಡ ಪಕ್ಷವಾಯಿತು. ಮಂತ್ರಿಮಂಡಲವನ್ನು ರಚಿಸಲು ಗವರ್ನರ್ ಲಿಟ್ಟನ್ನರು ಆಹ್ವಾನಿಸಿದರು, ದಾಸರು ಒಪ್ಪಲಿಲ್ಲ. 1924ರಲ್ಲಿ ಸಭೆಯು ಮಂತ್ರಿಗಳ ಸಂಬಳವನ್ನೇ ನಿರಾಕರಿಸಿತು. ಹೊಣೆ ಮಂತ್ರಿಗಳಿಗೆ, ಹಣಕಾಸು ಗವರ್ನರರ ಕೈಯಲ್ಲಿ ಎಂಬ ದ್ವಿಪ್ರಭುತ್ವದ ಟೊಳ್ಳು ಇದರಿಂದ ಬಯಲಾಯಿತು.

ಅದೇ ಡಿಸೆಂಬರಿನಲ್ಲಿ ಗಾಂಧೀಜಿಯವರ ಅಧ್ಯಕ್ಷತೆಯ ಬೆಳಗಾವಿ ಕಾಂಗ್ರೆಸ್ಸು ಸ್ವರಾಜ್ಯ ಪಕ್ಷದ ಶಾಸನಸಭಾಕಾರ್ಯವನ್ನು ಕಾಂಗ್ರೆಸ್ಸಿನದೆಂದೇ ಮನ್ನಿಸಿತು. ಆರು ತಿಂಗಳು ತುಂಬುವ ಮೊದಲೇ, 1925ರ ಜೂನ್ 16ರಂದು, ದಾಸರು ದಾರ್ಜಿಲಿಂಗಿನಲ್ಲಿ ದಿವಂಗತರಾದರು. ವಾಸದ ಮನೆಯನ್ನೂ ಅವರು ಲೋಕಹಿತಕ್ಕೆ ಕೊಟ್ಟುಬಿಟ್ಟಿದ್ದರು.

ಮಂತ್ರಿಪದವಿಯೇ ಜನಸೇವೆಯ ಪರಮಾವಧಿಯೆಂದು ಬಗೆಯುವವರು ಈ ಜೀವನವನ್ನೊಮ್ಮೆ ನೆನೆಯಲೆಂದು ನಾವು ಹಾರೈಸುತ್ತೇವೆ.