ಬೆಂಗಳೂರು ನಾಗರತ್ನಮ್ಮ: ಒಂದು ಪುಸ್ತಕ, ಒಂದು ಸಮಾಧಿ, ಒಂದು ತಕರಾರು

ನಮ್ಮ ನಂಗಲಿ ಕಡೆ ಮನೆಯಲ್ಲಿ ತೆಲುಗು, ಶಾಲೆಯಲ್ಲಿ ಕನ್ನಡ. ಹಾಗಾಗಿ ತೆಲುಗು ಕಾವ್ಯಕ್ಕಾಗಿ ಸರ್ಕಾರವನ್ನೇ ಎದುರು ಹಾಕಿಕೊಂಡ ಕನ್ನಡ ನಾಡಿನ ಹೆಂಗಸು ನನಗೆ ವಿಚಿತ್ರ ಅನ್ನಿಸಲಿಲ್ಲ. ವಿಚಿತ್ರ ಏನಂದ್ರೆ, ಹೆಸರಲ್ಲೇ ಬೆಂಗಳೂರು ಇಟ್ಟುಕೊಂಡ ಆಕೆಯನ್ನು ನಾವು ಹೆಚ್ಚುಕಡಿಮೆ ಮರೆತಿರೋದು.

ನಾಗರತ್ನಮ್ಮ ಹುಟ್ಟಿದ್ದು 1878ರಲ್ಲಿ, ನಂಜನಗೂಡಿನಲ್ಲಿ. ತಾಯಿ ಪುಟ್ಟಲಕ್ಷ್ಮಿ ದೇವದಾಸಿ. ತಂದೆ ವಕೀಲ, ಇಬ್ಬರನ್ನೂ ಕೈಬಿಟ್ಟರು. ಮೈಸೂರಿನಲ್ಲಿ ಆಸರೆ ಕೊಟ್ಟಿದ್ದ ವಿದ್ವಾಂಸರೂ ಕೈಬಿಟ್ಟ ಮೇಲೆ ತಾಯಿ ಮಗಳನ್ನು ಕಟ್ಟಿಕೊಂಡು ಊರು ಬಿಟ್ಟರು. ಬೆಂಗಳೂರಿನಲ್ಲಿ ಮುನಿಸ್ವಾಮಪ್ಪನವರ ಹತ್ತಿರ ಸಂಗೀತ ಪಾಠ. ಅವರದು ತ್ಯಾಗರಾಜರ ಶಿಷ್ಯಪರಂಪರೆ. ಹದಿನಾಲ್ಕು ತುಂಬುವಷ್ಟರಲ್ಲಿ ತಾಯಿ ಹೋದರು. ಮುಂದೆ ಮೈಸೂರು ಅರಮನೆ, ಆಮೇಲೆ ಮದರಾಸು. ಅಲ್ಲಿ ಆದಾಯ ತೆರಿಗೆ ಕಟ್ಟಿದ ಮೊದಲ ಕಲಾವಿದೆ ಅಂತಲೇ ಹೆಸರಾದರು. ಅಂದ್ರೆ ಸ್ವಂತ ದುಡಿಮೆ, ಸ್ವಂತ ಆಸ್ತಿ.

ಈಗ ಆ ಪುಸ್ತಕದ ವಿಷಯ. ತಂಜಾವೂರಿನ ಪ್ರತಾಪಸಿಂಹನ ಆಸ್ಥಾನದಲ್ಲಿದ್ದ ಮುದ್ದುಪಳನಿ, 18ನೇ ಶತಮಾನದಲ್ಲಿ, ರಾಧಿಕಾ ಸಾಂತ್ವನಮು ಅನ್ನೋ ಶೃಂಗಾರ ಕಾವ್ಯ ಬರೆದಿದ್ದಳು. ಅದರಲ್ಲಿ ಹೆಣ್ಣಿನ ಆಸೆಗೆ ನಾಚಿಕೆಯಿಲ್ಲ. 1887ರಲ್ಲಿ ಅಚ್ಚಾದ ಪ್ರತಿಯಲ್ಲಿ ಕವಯಿತ್ರಿ ತನ್ನ ಮನೆತನದ ಹೆಂಗಸರ ಬಗ್ಗೆ ಹೇಳಿಕೊಂಡಿದ್ದ ಭಾಗವನ್ನೇ ಕಿತ್ತುಹಾಕಿದ್ದರು. ಶೃಂಗಾರ ಮಾತ್ರ ಅಲ್ಲ, ಹೆಂಗಸರ ವಂಶಾವಳಿಯೂ ಬೇಡವಾಗಿತ್ತು ಅನ್ನಿ. ನಾಗರತ್ನಮ್ಮ ಹಸ್ತಪ್ರತಿ ಹುಡುಕಿಸಿ, ಹೋಲಿಸಿ, ಇಡೀ ಪಠ್ಯವನ್ನು 1910ರಲ್ಲಿ ವಾವಿಳ್ಳ ಪ್ರಕಾಶನದಿಂದ ಹೊರತಂದರು.

ಆಂಧ್ರದ ದೊಡ್ಡ ಸುಧಾರಕ ಕಂದುಕೂರಿ ವೀರೇಶಲಿಂಗಂ ಈ ಕಾವ್ಯ ಹೆಂಗಸರ ಬಾಯಲ್ಲಿ ಬರಬಾರದಂಥದ್ದು ಅಂತ ಹಿಂದೆಯೇ ಜರೆದಿದ್ದರು. ವಿಧವಾ ವಿವಾಹ ಮಾಡಿಸಿದ ಮನುಷ್ಯ! ನಾಗರತ್ನಮ್ಮ ಮುನ್ನುಡಿಯಲ್ಲೇ ಅವರನ್ನು ತರಾಟೆಗೆ ತಗೊಂಡರು: ಗಂಡಸರು ಬರೆದ ಇದಕ್ಕಿಂತ ಹಸಿ ಪದ್ಯಗಳಿಗೆ ಇಲ್ಲದ ಅಶ್ಲೀಲತೆ ಇದಕ್ಕೆ ಮಾತ್ರ ಹೇಗೆ ಅಂಟಿತು ಅನ್ನೋದು ಅವರ ವಾದ. 1911ರಲ್ಲಿ ಬ್ರಿಟಿಷ್ ಸರ್ಕಾರ ಪುಸ್ತಕಕ್ಕೆ ನಿಷೇಧ ಹಾಕಿತು. ತೆಗೆಸಲು ಟಂಗುಟೂರಿ ಪ್ರಕಾಶಂ ಅಧಿಕಾರಕ್ಕೆ ಬರಬೇಕಾಯಿತು.

ತಿರುವೈಯಾರಿನ ಕತೆ ಸಂಗೀತದವರಿಗೆ ಗೊತ್ತು. ತ್ಯಾಗರಾಜರ ಸಮಾಧಿ ಪಾಳುಬಿದ್ದಿದೆ ಅಂತ ತಿಳಿದ ನಾಗರತ್ನಮ್ಮ ತಮ್ಮ ಗಳಿಕೆ ಸುರಿದು ಅಲ್ಲಿ ಗುಡಿ ಕಟ್ಟಿಸಿ, ಪ್ರತಿಷ್ಠೆ ಮಾಡಿಸಿದರು. ಆದರೆ ಆರಾಧನೆಯಲ್ಲಿ ಹಾಡಲು ಅವರಿಗೇ ಅವಕಾಶವಿಲ್ಲ! ವಿದ್ವಾಂಸರು ಎರಡು ಪಂಗಡವಾಗಿ ಕಿತ್ತಾಡುತ್ತಿದ್ದರು. ಹೆಂಗಸರು ಬೇಡ ಅನ್ನೋದರಲ್ಲಿ ಮಾತ್ರ ಒಮ್ಮತ. 1927ರಲ್ಲಿ ನಾಗರತ್ನಮ್ಮ ದೇವದಾಸಿ ಗಾಯಕಿಯರನ್ನು ಸೇರಿಸಿ ಸಮಾಧಿಯ ಹಿಂಭಾಗದಲ್ಲಿ ಬೇರೆಯದೇ ಆರಾಧನೆ ಶುರುಮಾಡಿದರು. ಅದು ಮೂರನೇ ಪಂಗಡ, ಪೆಣ್ಗಳ್ ಕಚ್ಚಿ. ಮೂರೂ ಸೇರಿ ಒಂದಾಗಿ, ಹೆಂಗಸರು ಎಲ್ಲರ ಜೊತೆ ಹಾಡಿದ್ದು 1941ರಲ್ಲಿ.

ಇಲ್ಲಿಗೇ ನಿಲ್ಲಿಸಿದರೆ ಒಳ್ಳೆ ಪೋಸ್ಟರ್ ಆಗುತ್ತೆ. ಆದರೆ ಅದೇ 1927ರಲ್ಲಿ, ದೇವದಾಸಿ ಪದ್ಧತಿ ರದ್ದಾಗಬೇಕು ಅಂತ ಮುತ್ತುಲಕ್ಷ್ಮಿ ರೆಡ್ಡಿ ಮದರಾಸು ಶಾಸನಸಭೆಯಲ್ಲಿ ಹೊರಟಾಗ, ಎದುರು ನಿಂತ ದೇವದಾಸಿಯರ ಸಂಘಕ್ಕೆ ನಾಗರತ್ನಮ್ಮನೇ ಅಧ್ಯಕ್ಷೆ. ನಮ್ಮನ್ನು ವೇಶ್ಯೆಯರ ಜೊತೆ ಸೇರಿಸಬೇಡಿ, ನಮ್ಮ ಕಲೆ ಮತ್ತು ಆಸ್ತಿ ಹಕ್ಕು ಕಿತ್ತುಕೊಳ್ಳಬೇಡಿ ಅನ್ನೋದು ಅವರ ವಾದ. ಮುತ್ತುಲಕ್ಷ್ಮಿಯವರ ತಾಯಿ ಕೂಡ ದೇವದಾಸಿ ಸಮುದಾಯದವರು. ಮೂವಲೂರು ರಾಮಾಮಿರ್ದಂ ಅದೇ ಸಮುದಾಯದಿಂದ ಬಂದು ರದ್ದತಿಗೆ ಹೋರಾಡಿದವರು. ಹಾಗಾಗಿ ಇದನ್ನು ಹೊರಗಿನವರು, ಒಳಗಿನವರು ಅಂತ ಸುಲಭಕ್ಕೆ ಭಾಗ ಮಾಡೋಕ್ಕಾಗಲ್ಲ.

ನನ್ನ ಪ್ರಕಾರ ನಾಗರತ್ನಮ್ಮ ಮಾತಾಡಿದ್ದು ಮನೆ, ಒಡವೆ, ವಿದ್ಯೆ ಇದ್ದವರ ಪರವಾಗಿ. ಬಳ್ಳಾರಿ, ಕೊಪ್ಪಳದಲ್ಲಿ ಮುತ್ತು ಕಟ್ಟಿಸಿಕೊಂಡ ದಲಿತ ಹುಡುಗಿಗೆ ಆ ವಾದ ಒದಗಲ್ಲ. ಆಕೆಗೆ ಬೇಕಾಗಿದ್ದು ಕರ್ನಾಟಕದ 1982ರ ನಿಷೇಧ ಕಾಯ್ದೆ, ಅದು ನೆಟ್ಟಗೆ ಜಾರಿಯಾಗೋದು. ಆದರೂ ನಾಗರತ್ನಮ್ಮನ ಭಯ ಸುಳ್ಳಾಗಲಿಲ್ಲ. ಮದರಾಸಿನ ಕಾಯ್ದೆ 1947ರಲ್ಲಿ ಬರುವ ಹೊತ್ತಿಗೆ ಅದೇ ಹಾಡು, ಅದೇ ಕುಣಿತ ಮೇಲ್ಜಾತಿ ಮನೆಗಳ ಗೌರವದ ಕಲೆಯಾಗಿತ್ತು. ಕಾಪಾಡಿಕೊಂಡು ಬಂದವರು ವೇದಿಕೆಯಿಂದ ಇಳಿದಿದ್ದರು.

ನಾಗರತ್ನಮ್ಮ ಆಸ್ತಿಯನ್ನೆಲ್ಲ ತ್ಯಾಗರಾಜರ ಸಮಾಧಿಯ ಸೇವೆಗೇ ಬರೆದಿಟ್ಟು 1952ರ ಮೇ 19ರಂದು ತಿರುವೈಯಾರಿನಲ್ಲೇ ತೀರಿಕೊಂಡರು. ಅವರ ಸಮಾಧಿಯೂ ಅಲ್ಲೇ ಪಕ್ಕದಲ್ಲಿದೆ. ಅದೇ ವರ್ಷ ವಾವಿಳ್ಳದವರು ರಾಧಿಕಾ ಸಾಂತ್ವನಮುವನ್ನು ಮತ್ತೆ ಅಚ್ಚು ಹಾಕಿದರು.