ಆನೆಗಳ ಮನವರಿತ ವಿಲಿಯಮ್ಸ್

ಷೇರುಪೇಟೆಯ ಪಟ್ಟಿಯಲ್ಲಿ ಬಾಂಬೆ ಬರ್ಮಾ ಟ್ರೇಡಿಂಗ್ ಕಾರ್ಪೊರೇಷನ್ ಎಂಬ ಹೆಸರನ್ನು ನಮ್ಮಲ್ಲಿ ಅನೇಕರು ಕಂಡಿರಬಹುದು. 1863ರಲ್ಲಿ ಮುಂಬಯಿಯಲ್ಲಿ ಸ್ಥಾಪನೆಯಾದ ಈ ಸಂಸ್ಥೆಯು ಬರ್ಮಾದ ತೇಗದ ಕಾಡುಗಳಲ್ಲಿ ಮರ ಎಳೆಯಲು ದೊಡ್ಡ ಆನೆಪಡೆಯನ್ನೇ ಇಟ್ಟುಕೊಂಡಿತ್ತು. ಆ ಆನೆಗಳ ಆರೈಕೆಯಿಂದ ‘ಎಲಿಫೆಂಟ್ ಬಿಲ್’ ಎಂದು ಪ್ರಖ್ಯಾತರಾದವರು ಜೇಮ್ಸ್ ಹೊವಾರ್ಡ್ ವಿಲಿಯಮ್ಸ್.

1897ರಲ್ಲಿ ಇಂಗ್ಲೆಂಡಿನ ಕಾರ್ನ್‌ವಾಲ್‌ನಲ್ಲಿ ಜನಿಸಿದ ವಿಲಿಯಮ್ಸ್ ಮೊದಲ ಮಹಾಯುದ್ಧದಲ್ಲಿ ಸೈನಿಕರಾಗಿ ಸೇವೆ ಸಲ್ಲಿಸಿ, 1920ರಲ್ಲಿ ಬರ್ಮಾಕ್ಕೆ ಬಂದರು. ಅವರು ಪಶುವೈದ್ಯ ಪದವೀಧರರಲ್ಲ. ಕಾಡಿನ ಶಿಬಿರಗಳನ್ನು ಸುತ್ತಿ ಪ್ರತಿಯೊಂದು ಆನೆಯನ್ನೂ ಪರೀಕ್ಷಿಸುವುದು, ಗಾಯಗಳಿಗೆ ಚಿಕಿತ್ಸೆ ನೀಡುವುದು ಅವರ ಹೊಣೆಯಾಗಿತ್ತು. ಅನುಭವಿ ಮಾವುತರೇ ಅವರ ಗುರುಗಳಾದರು. ಅವರಲ್ಲಿ ಪೊ ಟೋಕ್ ಎಂಬಾತ ಪ್ರಮುಖನು. ಕಾಡಾನೆಯನ್ನು ಹಿಡಿದು ಹಿಂಸೆಯಿಂದ ಪಳಗಿಸುವ ಕ್ರಮವನ್ನು ಒಪ್ಪದ ಆತನು, ಶಿಬಿರದಲ್ಲೇ ಹುಟ್ಟಿದ ಬಂಡೂಲ ಎಂಬ ಗಂಡುಮರಿಯನ್ನು ಪ್ರೀತಿಯಿಂದ ಬೆಳೆಸಿದ್ದನು. ವಿಲಿಯಮ್ಸ್ ಈ ಸೌಮ್ಯ ಮಾರ್ಗವನ್ನೇ ಹಿಡಿದು, ಮರಿಯಾನೆಗಳಿಗೆ ಶಾಲೆಯನ್ನೂ ರೋಗಿಗಳಿಗೆ ಆಸ್ಪತ್ರೆಯನ್ನೂ ನಡೆಸಿದರು.

ದಿನದ ದುಡಿಮೆ ಮುಗಿದ ಮೇಲೆ ಆನೆಗಳ ಕೊರಳಿಗೆ ಮರದ ಗಂಟೆ ಕಟ್ಟಿ, ಮೇಯಲು ಕಾಡಿಗೆ ಬಿಡುತ್ತಿದ್ದರು. ಮರುದಿನ ಮುಂಜಾನೆ ಆ ದನಿಯ ಜಾಡು ಹಿಡಿದು ಮಾವುತನು ತನ್ನ ಆನೆಯನ್ನು ಹುಡುಕಿ ತರುತ್ತಿದ್ದನು. ಅದರ ಮೇವು, ನಡಿಗೆ, ಗೆಳೆತನ, ಮುನಿಸುಗಳನ್ನು ಅರಿತವನಿಗೆ ಮಾತ್ರ ಅದರ ಕಾಯಿಲೆಯೂ ತಿಳಿಯುವುದೆಂಬುದನ್ನು ವಿಲಿಯಮ್ಸ್ ಕಂಡುಕೊಂಡರು. ಟನ್ನುಗಟ್ಟಲೆ ತೂಗುವ ಪ್ರಾಣಿಯು ತಾನೇ ಒಪ್ಪದ ಹೊರತು ಅದರ ಗಾಯವನ್ನು ಮುಟ್ಟುವುದಾದರೂ ಹೇಗೆ?

ಹುಲಿಯ ದಾಳಿಯಿಂದ ಬೆನ್ನು ಸೀಳಿಸಿಕೊಂಡ ಮಾ ಚಾ ಎಂಬ ಹೆಣ್ಣಾನೆಗೆ ಅವರು ಮೂರು ವಾರ ದಿನನಿತ್ಯ ಚಿಕಿತ್ಸೆ ನೀಡಿದರು. ಮೊದಲು ಶಂಕಿಸಿದ ಆನೆ ಕ್ರಮೇಣ ಅವರಿಗೆ ಒಲಿಯಿತು. ಎರಡು ತಿಂಗಳ ಬಳಿಕ ದೂರದಲ್ಲಿ ಸಾಗುತ್ತಿದ್ದ ಅದರ ಬೆನ್ನು ಹೇಗಿದೆಯೆಂದು ಅವರು ಮಾವುತನನ್ನು ಕೂಗಿ ಕೇಳಿದರು. ಮಾವುತನಿಗೆ ಅದು ಕೇಳಿಸಲಿಲ್ಲ. ಆನೆಯೇ ತಿರುಗಿ ಬಂದು, ಅವರೆದುರು ಕುಳಿತು, ಬೆನ್ನನ್ನು ಬಾಗಿಸಿ ತೋರಿಸಿತು.

ಎರಡನೆಯ ಮಹಾಯುದ್ಧದಲ್ಲಿ ಈ ವಿಶ್ವಾಸವು ಕಠಿಣ ಪರೀಕ್ಷೆಗೆ ಒಳಗಾಯಿತು. 1944ರಲ್ಲಿ ಜಪಾನೀ ಸೇನೆ ಮುನ್ನುಗ್ಗಿದಾಗ ವಿಲಿಯಮ್ಸ್ 40ಕ್ಕೂ ಹೆಚ್ಚು ಆನೆಗಳನ್ನೂ, ನಿರಾಶ್ರಿತ ಮಹಿಳೆಯರು ಮತ್ತು ಮಕ್ಕಳನ್ನೂ ಬೆಟ್ಟಗಳ ಮೂಲಕ ಅಸ್ಸಾಮಿನತ್ತ ಕರೆತಂದರು. ಕಡಿದಾದ ಬಂಡೆಯೊಂದು ದಾರಿಗೆ ಅಡ್ಡವಾದಾಗ ಅದರಲ್ಲಿ ಮೆಟ್ಟಿಲುಗಳನ್ನು ಕೊರೆಸಿದರು. ಆನೆಗಳು ಹತ್ತಲು ಒಪ್ಪದಿದ್ದರೆ ಎಲ್ಲವೂ ಮುಗಿದಂತೆಯೇ! ಬಂಡೂಲ ಮೊದಲು ಹೆಜ್ಜೆಯಿಟ್ಟನು, ಉಳಿದವು ಹಿಂಬಾಲಿಸಿದವು. ಆದರೆ 1945ರಲ್ಲಿ ಅದೇ ಬಂಡೂಲ ಗುಂಡೇಟಿಗೆ ಬಲಿಯಾಗಿ, ಒಂದು ದಂತವನ್ನೂ ಕಳೆದುಕೊಂಡು ಬಿದ್ದಿದ್ದನು. ವಿಲಿಯಮ್ಸ್ ಅವರಿಗೆ ಅದು ಮರೆಯಲಾಗದ ದುಃಖವಾಯಿತು.

ತಾಯ್ನಾಡಿಗೆ ಮರಳಿ 1950ರಲ್ಲಿ ಅವರು ಪ್ರಕಟಿಸಿದ ‘ಎಲಿಫೆಂಟ್ ಬಿಲ್’ ಕೃತಿಯು ಜನಪ್ರಿಯವಾಯಿತು. 1958ರಲ್ಲಿ ಅವರು ನಿಧನರಾದರು. ಬಾಯಿಲ್ಲದ ಜೀವವು ತನ್ನ ನೋವನ್ನು ನಡತೆಯಲ್ಲೇ ಹೇಳಿಕೊಳ್ಳುತ್ತದೆ. ಮನೆಯ ನಾಯಿಯೋ ಬೆಕ್ಕೋ ಒಂದು ದಿನ ಮೂಲೆ ಸೇರಿದರೆ, ಗದರಿಸುವ ಮೊದಲು ಕೊಂಚ ಗಮನಿಸಿ ನೋಡುವುದು ನಾವು ವಿಲಿಯಮ್ಸ್ ಅವರಿಂದ ಕಲಿಯಬಹುದಾದ ಪಾಠ.